ಕರಾರಿನಲ್ಲಿ ಹೆಸರಿದ್ದವರು

ಬನಶಂಕರಿ ಜಾತ್ರೆಗೆ ಬಂದವರು ಒಂದು ಹೊತ್ತು ಬಿಡುವು ಮಾಡಿಕೊಂಡು ಬಾದಾಮಿಯ ಮೇಣಬಸದಿ ನೋಡಿ ಹೋಗುವುದು ವಾಡಿಕೆ. ಅಲ್ಲಿ ಮಾತು ಪುಲಿಕೇಶಿಯಿಂದ ಶುರುವಾಗಿ ಪುಲಿಕೇಶಿಯಲ್ಲೇ ಮುಗಿಯುತ್ತದೆ. ಅಗಸ್ತ್ಯತೀರ್ಥದ ಎರಡು ಮಗ್ಗುಲಿಗೆ ಎದ್ದು ನಿಂತ ಬಾವನ್‌ಬಂಡೆ ಕೋಟೆ, ರಣಮಂಡಲ ಕೋಟೆಗಳ ಬುರುಜು, ಕಣಜಗಳತ್ತ ಕತ್ತೆತ್ತಿ ನೋಡುವವರು ಕಡಿಮೆ. 1786ರ ಮೇ ತಿಂಗಳಲ್ಲಿ, ಬಂಡೆಗಳು ಕಾದು ಕೆಂಡವಾಗುವ ದಿನಗಳಲ್ಲಿ, ಪುಣೆಯ ಪೇಶ್ವೆಯ ದಂಡೂ ಹೈದರಾಬಾದಿನ ನಿಜಾಮನ ದಂಡೂ ಸೇರಿ ಸುಮಾರು ಮೂರು ವಾರ ಈ ಕೋಟೆಗಳ ಕೆಳಗೆ ಬೀಡುಬಿಟ್ಟಿದ್ದವು. ಮೇಲಿದ್ದವರು ಟಿಪ್ಪು ಸುಲ್ತಾನನ ಸಿಪಾಯಿಗಳು. ಆ ಯುದ್ಧಕ್ಕೆ ಖಂಡಣಿ, ಗಡಿ, ಹಳೆಯ ಹಗೆ ಎಂದು ಹತ್ತು ಕಾರಣ ಹೇಳಬಹುದು. ಆದರೆ ಕಿಡಿ ಹೊತ್ತಿದ್ದು ಮಲಪ್ರಭೆಯ ಆಚೆ ನರಗುಂದದ ಗುಡ್ಡದಿಂದ ಹಿಡಿದೊಯ್ದ ಕೆಲವರ ಸೆರೆಯಿಂದ. ಮರುವರ್ಷ ಗಜೇಂದ್ರಗಡದಲ್ಲಿ ಆದ ಸಂಧಾನದಲ್ಲಿ ಹಣ ಮತ್ತು ಊರುಗಳ ಲೆಕ್ಕದ ಜೊತೆಗೆ ಒಬ್ಬ ಸೆರೆಯಾಳಿನ ಬಿಡುಗಡೆಯ ಮಾತೂ ಸೇರಿತ್ತು. ಅದೇ ಕಾಲಕ್ಕೆ ಅದೇ ಸುಲ್ತಾನನ ಸೆರೆಯಲ್ಲಿದ್ದ ಸಾವಿರಾರು ಜನರ ಬಗ್ಗೆ ಆ ಕರಾರಿನಲ್ಲಿ ಒಂದು ಅಕ್ಷರವೂ ಇರಲಿಲ್ಲ.

ಸೆರೆಯಾಳುಗಳ ಬಿಡುಗಡೆ ಎಂದಾಗ ಇಂದು ನಮ್ಮ ಕಣ್ಣಮುಂದೆ ಬರುವುದು 1945ರ ಚಿತ್ರ. ಆ ಜನವರಿ 27ರಂದು ಸೋವಿಯತ್ ಸೈನಿಕರು ಆಶ್ವಿಟ್ಜ್‌ನ ಬಾಗಿಲು ದಾಟಿ ಒಳಗೆ ಹೋದಾಗ ಅಲ್ಲಿ ಸುಮಾರು 7,000 ಜನ ಉಳಿದಿದ್ದರು. ಗೆದ್ದ ಸೇನೆ ಬರುತ್ತದೆ, ಬೇಲಿ ಬೀಳುತ್ತದೆ, ಬದುಕುಳಿದವರು ಹೊರಬರುತ್ತಾರೆ. ಹದಿನೆಂಟನೆಯ ಶತಮಾನದ ಕರ್ನಾಟಕದಲ್ಲಿ ಸೆರೆಯ ಬಾಗಿಲು ಹೆಚ್ಚಾಗಿ ತೆರೆದದ್ದು ವಕೀಲರ ಮಾತುಕತೆಯಿಂದ, ಮೊಹರು ಬಿದ್ದ ಕಾಗದದಿಂದ. ಹಾಗಾಗಿ ಯಾರು ಹೊರಬಂದರು, ಯಾರು ಒಳಗೇ ಉಳಿದರು ಎಂಬುದನ್ನು ತೀರ್ಮಾನಿಸಿದ್ದು ಅವರು ಪಟ್ಟ ಕಷ್ಟದ ತೂಕವೂ ಅಲ್ಲ, ಸೆರೆ ಹಾಕಿದವನ ಕರುಣೆಯೂ ಅಲ್ಲ. ಕರಾರಿನ ಆಚೆ ಬದಿಗೆ ಕೂತವನು ‘ಇವರು ನಮ್ಮವರು’ ಎಂದು ಹೇಳಿದನೇ, ಹೇಳಿ ತಲೆ ಎಣಿಸಿಕೊಂಡನೇ ಎಂಬುದರ ಮೇಲೆ ಎಲ್ಲವೂ ನಿಂತಿತ್ತು. 1784ರಿಂದ 1799ರವರೆಗಿನ ಹದಿನೈದು ವರ್ಷಗಳನ್ನು ಈ ಒಂದು ಎಳೆ ಹಿಡಿದು ನೋಡಿದರೆ, ಪರ-ವಿರೋಧದ ಗದ್ದಲದಲ್ಲಿ ಸಾಮಾನ್ಯವಾಗಿ ಕಾಣದ ಕೆಲವು ಸಂಗತಿಗಳು ಕಾಣಿಸುತ್ತವೆ.

ಮೊದಲು ನರಗುಂದ. ಅದು ಭಾವೆ ಮನೆತನದ ಸಣ್ಣ ಸಂಸ್ಥಾನ. ಒಡೆಯ ವೆಂಕಟರಾವ, ಆದರೆ ಆಡಳಿತದ ಹಗ್ಗವೆಲ್ಲ ಕಾರಭಾರಿ ಕಾಳೋಪಂತ ಪೇಠೆಯ ಕೈಯಲ್ಲಿ. 1778ರ ಸುಮಾರಿಗೆ ಹೈದರಾಲಿ ತುಂಗಭದ್ರೆಯಿಂದ ಕೃಷ್ಣೆಯವರೆಗಿನ ಸೀಮೆಯನ್ನು ಹಿಡಿದಾಗ ಬಾದಾಮಿಯಂತೆ ನರಗುಂದವೂ ಮೈಸೂರಿಗೆ ಖಂಡಣಿ ಕೊಡಲು ಒಪ್ಪಿತ್ತು. ಹೈದರ ತೀರಿಕೊಂಡ ಮೇಲೆ ಟಿಪ್ಪು ಖಂಡಣಿ ಏರಿಸಿದ. ಕಾಳೋಪಂತ ಪುಣೆಯ ಕಡೆ ನೋಡಿದ. ಪಟವರ್ಧನ ಪರಶುರಾಮ ಭಾವುವಿನೊಂದಿಗೆ ಅವನಿಗೆ ಬೀಗತನವೂ ಇತ್ತು. ಪೇಶ್ವೆಯ ಮಂತ್ರಿ ನಾನಾ ಫಡ್ನವೀಸನ ವಾದವೆಂದರೆ, ಸೀಮೆ ಕೈ ಬದಲಾದ ಮಾತ್ರಕ್ಕೆ ಹಳೆಯ ಜಹಗೀರದಾರರು ವಾಡಿಕೆಯ ಖಂಡಣಿಗಿಂತ ಹೆಚ್ಚು ಕೊಡಬೇಕಾಗಿಲ್ಲ. ಟಿಪ್ಪುವಿನ ಉತ್ತರ ಚಿಕ್ಕದು: ನನ್ನ ಪ್ರಜೆಯಿಂದ ಎಷ್ಟು ವಸೂಲು ಮಾಡಬೇಕೆಂಬುದು ನನಗೆ ಬಿಟ್ಟದ್ದು. ವೆಂಕಟರಾವ ಯಾರ ಪ್ರಜೆ? ಮುಂದಿನ ಎರಡು ವರ್ಷದ ರಕ್ತಪಾತವೆಲ್ಲ ಈ ಒಂದು ಪ್ರಶ್ನೆಯ ಸುತ್ತ ನಡೆಯಿತು ಎಂದರೆ ಹೆಚ್ಚು ಹೇಳಿದಂತಾಗದು. ಸೆರೆಯ ಕಥೆಗೂ ಇದೇ ಕೀಲಿಕೈ. ‘ಪ್ರಜೆ’ ಎಂಬ ಶಬ್ದದ ಒಳಗೆ ಒಮ್ಮೆ ಸಿಕ್ಕವನನ್ನು ಹೊರಗಿನವರು ಯಾರೂ ಬಿಡಿಸಿಕೊಳ್ಳಲಾರರು.

1785ರ ಮೊದಲಲ್ಲಿ ಟಿಪ್ಪುವಿನ ಭಾವಮೈದುನ ಬುರ್ಹಾನುದ್ದೀನ ನರಗುಂದಕ್ಕೆ ಮುತ್ತಿಗೆ ಹಾಕಿದ. ಬೇಸಿಗೆಯಲ್ಲಿ ಮುತ್ತಿದವರಿಗೇ ನೀರು ಸಾಲದೆ ಒಮ್ಮೆ ಹಿಂದೆ ಸರಿಯಬೇಕಾಯಿತು. ಆ ಬಯಲುಸೀಮೆಯನ್ನು ಬಲ್ಲವರಿಗೆ ಇದರಲ್ಲಿ ಆಶ್ಚರ್ಯವೇನಿಲ್ಲ. ಟಿಪ್ಪು ಬಾಕಿ ಖಂಡಣಿಯ ಆಸೆ ತೋರಿಸಿ ಪುಣೆಯನ್ನು ಮಾತಿನಲ್ಲಿ ಹಿಡಿದಿಟ್ಟ, ಮರಾಠರ ದಂಡು ದೂರವಾದ ಮೇಲೆ ಮತ್ತೆ ಮುತ್ತಿದ. ಜುಲೈ ಕೊನೆಗೆ ನರಗುಂದ ಶರಣಾಯಿತು. ಕೋಟೆ ಒಪ್ಪಿಸಿದರೆ ಜೀವಕ್ಕೂ ಮಾನಕ್ಕೂ ಅಪಾಯವಿಲ್ಲ, ಬೇಕಾದಲ್ಲಿಗೆ ಹೋಗಬಹುದು ಎಂದು ಕೊಟ್ಟಿದ್ದ ಕೌಲು ಉಳಿಯಲಿಲ್ಲ. ಒಡೆಯ, ಕಾರಭಾರಿ, ಅವರ ಕುಟುಂಬಗಳೆಲ್ಲ ಕೈದಿಗಳಾಗಿ ದಕ್ಷಿಣಕ್ಕೆ ನಡೆದರು. ವೆಂಕಟರಾವನ ಮಗಳನ್ನು ಸುಲ್ತಾನನ ಜನಾನಾಕ್ಕೆ ಸೇರಿಸಿದರು ಎಂದು ಮರಾಠರ ಇತಿಹಾಸ ಬರೆದ ಗ್ರಾಂಟ್ ಡಫ್ ಹೇಳುತ್ತಾನೆ. ಇತಿಹಾಸಕಾರ ಮೊಹಿಬ್ಬುಲ್ ಹಸನ್ ಅದನ್ನು ಒಪ್ಪುವುದಿಲ್ಲ. ಕಾಳೋಪಂತನನ್ನು ಹಾಕಿದ್ದು ಈಗಿನ ಕನಕಪುರ ಸೀಮೆಯ ಕಬ್ಬಾಳದುರ್ಗದಲ್ಲಿ. ಆ ದುರ್ಗಕ್ಕೆ ಟಿಪ್ಪುವಿಗಿಂತ ಹಿಂದಿನಿಂದಲೇ ಕೆಟ್ಟ ಹೆಸರಿತ್ತು. ಅಲ್ಲಿಗೆ ಹೋದವರು ತಿರುಗಿ ಬರುವುದಿಲ್ಲ ಎಂಬುದು ಮೈಸೂರಿನ ಅರಮನೆಗೂ ಗೊತ್ತಿದ್ದ ಮಾತು: 1734ರಲ್ಲಿ ದಳವಾಯಿಗಳು ಪಟ್ಟದಿಂದ ಇಳಿಸಿದ ಚಾಮರಾಜ ಒಡೆಯರ ಉಸಿರು ನಿಂತದ್ದು ಅಲ್ಲಿಯೇ.

ಮುಂದಿನದು ಬಾದಾಮಿ. 1786ರ ಮೇ ಮೊದಲಿಗೆ ಮುತ್ತಿಗೆ ಬಿತ್ತು. ಫಿರಂಗಿ ಹಾರಿಸಿದರೆ ಮಣ್ಣು ಉದುರಿತೇ ಹೊರತು ಗೋಡೆ ಜಗ್ಗಲಿಲ್ಲ. ಕೊನೆಗೆ ಏಣಿ ಹಾಕಿ ಊರಕೋಟೆಗೆ ನುಗ್ಗುವುದೆಂದಾಯಿತು. ಒಳಗಿನವರು ಕಂದಕದಲ್ಲೂ ದಾರಿಯಲ್ಲೂ ಮದ್ದು ತುಂಬಿದ ಗುಳಿ ತೋಡಿಟ್ಟಿದ್ದರು. ಮೇ 20ರ ಸುಮಾರಿಗೆ ಊರು ಬಿತ್ತು. ಗುಡ್ಡದ ಮೇಲಿನ ಕೋಟೆಗಳಿಂದ ಬಂಡೆ ಉರುಳಿಸಿ, ಗುಂಡು ಸುರಿಸಿ ಬೆನ್ನಟ್ಟಿದವರನ್ನು ತಡೆದರಾದರೂ, ಪ್ರಾಣಕ್ಕೆ ಕೌಲು ಸಿಕ್ಕೊಡನೆ ಕಾವಲಿನವರು ಶರಣಾದರು. ಮುಂದಿನ ಎಂಟು-ಒಂಬತ್ತು ತಿಂಗಳಲ್ಲಿ ಟಿಪ್ಪು ಅದೋನಿಯನ್ನು ಹಿಡಿದ, ಮಳೆಗಾಲದ ತುಂಗಭದ್ರೆಯನ್ನು ದಾಟಿ ಎಲ್ಲರನ್ನೂ ಬೆರಗುಗೊಳಿಸಿದ, ಸವಣೂರಿಗೂ ನುಗ್ಗಿದ. ಕಾಳಗದಲ್ಲಿ ಅವನದೇ ಮೇಲುಗೈ ಎನ್ನಬೇಕು. ಅಷ್ಟಾದರೂ 1787ರ ಮೊದಲ ತಿಂಗಳುಗಳಲ್ಲಿ ಗಜೇಂದ್ರಗಡದಲ್ಲಿ ಸಂಧಾನಕ್ಕೆ ಕೂತಾಗ ಬಿಟ್ಟುಕೊಟ್ಟವನು ಅವನೇ. ನಲವತ್ತೈದು ಲಕ್ಷವೆಂದು ಕೆಲವರು, ನಲವತ್ತೆಂಟೆಂದು ಕೆಲವರು ಹೇಳುವ ಬಾಕಿ ಹಣ, ಬಾದಾಮಿ, ಕಿತ್ತೂರು, ನರಗುಂದ, ಜೊತೆಗೆ ಕಾಳೋಪಂತನ ಬಿಡುಗಡೆ. ಇಂಗ್ಲಿಷರೊಂದಿಗೆ ಮುಂದೆ ಕಾದಾಡಬೇಕಾದೀತು, ಆಗ ಮರಾಠರು ಬೆನ್ನ ಹಿಂದೆ ಇರಬಾರದು ಎಂಬ ಲೆಕ್ಕ ಅವನದು. ಆ ಲೆಕ್ಕದಲ್ಲಿ ಒಬ್ಬ ಕಾರಭಾರಿಯ ಬೆಲೆ ದೊಡ್ಡದೇನಾಗಿರಲಿಲ್ಲ. ಪುಣೆಗೆ ಮಾತ್ರ ಅವನು ಮಾನದ ಪ್ರಶ್ನೆಯಾಗಿದ್ದ. ಕಬ್ಬಾಳದುರ್ಗದಿಂದ ಜೀವಂತ ಇಳಿದು ಬಂದ ಕೆಲವೇ ಜನರಲ್ಲಿ ಕಾಳೋಪಂತನೊಬ್ಬನಾದ.

ಇದಕ್ಕೆ ಮೂರು ವರ್ಷ ಮೊದಲು ಇದಕ್ಕಿಂತ ದೊಡ್ಡ ಬಿಡುಗಡೆಯೊಂದು ನಡೆದಿತ್ತು. 1780ರ ಸೆಪ್ಟೆಂಬರ್ 10ರಂದು ಪೊಳ್ಳಿಲೂರಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಕರ್ನಲ್ ಬೇಲಿಯ ತುಕಡಿ ಹೈದರನ ಕೈಗೆ ಸಿಕ್ಕಿತು. 1783ರಲ್ಲಿ ಬಿದನೂರು ಹಿಡಿದಿದ್ದ ಜನರಲ್ ಮ್ಯಾಥ್ಯೂಸ್ ಟಿಪ್ಪುವಿಗೆ ಶರಣಾದ. ಅಲ್ಲಿಯೂ ಕೌಲು ಮುರಿಯಿತು, ಆದರೆ ಮುರಿದವರು ಯಾರೆಂಬುದು ಅಷ್ಟು ಸರಳವಲ್ಲ. ಖಜಾನೆಯನ್ನು ಹಾಗೆಯೇ ಒಪ್ಪಿಸುವುದು ಕರಾರಾಗಿತ್ತು. ಟಿಪ್ಪು ಒಳಗೆ ಬಂದಾಗ ಅದು ಬರಿದಾಗಿತ್ತು, ಸಿಪಾಯಿಗಳ ಸೊಂಟದಲ್ಲಿ ಹೊನ್ನು ಸಿಕ್ಕಿತು. ಮ್ಯಾಥ್ಯೂಸನೂ ಅವನ ಜನರೂ ಬೇಡಿಯಲ್ಲಿ ನಡೆದರು. ಬೇಲಿ 1782ರಲ್ಲಿಯೂ ಮ್ಯಾಥ್ಯೂಸ್ ಮರುವರ್ಷವೂ ಶ್ರೀರಂಗಪಟ್ಟಣದಲ್ಲಿ ಸತ್ತರು. 1784ರ ಮಾರ್ಚ್ 11ರಂದು ಮಂಗಳೂರಿನಲ್ಲಿ ಸಹಿಯಾದ ಒಪ್ಪಂದದಲ್ಲಿ ಕಂಪನಿಯ ಮೂವರು ಪ್ರತಿನಿಧಿಗಳು ತಮ್ಮ ಕೈದಿಗಳ ಬಿಡುಗಡೆಯನ್ನು ಬರೆಸಿಕೊಂಡರು. ಸಾವಿರಕ್ಕೂ ಮಿಕ್ಕ ಯುರೋಪಿಯನ್ನರು, ಅದಕ್ಕಿಂತ ಹೆಚ್ಚು ದೇಶೀ ಸಿಪಾಯಿಗಳು ಶ್ರೀರಂಗಪಟ್ಟಣ, ಬೆಂಗಳೂರು, ಚಿತ್ರದುರ್ಗದ ಸೆರೆಗಳಿಂದ ಹೊರಬಂದು ಮದ್ರಾಸಿನ ದಾರಿ ಹಿಡಿದರು. ಪೊಳ್ಳಿಲೂರಿನಲ್ಲಿ ಸಿಕ್ಕು ಮೂರೂವರೆ ವರ್ಷಕ್ಕೂ ಹೆಚ್ಚು ಕಾಲ ಸರಪಳಿಯಲ್ಲಿದ್ದ ಡೇವಿಡ್ ಬೇರ್ಡ್ ಅವರಲ್ಲೊಬ್ಬ.

ಈ ಒಪ್ಪಂದದ ಮಾತುಗಳನ್ನು ನಿಧಾನವಾಗಿ ಓದಬೇಕು. ಯುದ್ಧದಲ್ಲಿ ಇಂಗ್ಲಿಷರ ಪರ ನಿಂತ ಕರಾವಳಿಯ ರಾಜರನ್ನೂ ಜಮೀನ್ದಾರರನ್ನೂ ಆ ಕಾರಣಕ್ಕೆ ಪೀಡಿಸಬಾರದು ಎಂದು ಅದರಲ್ಲಿ ಬರೆದಿದೆ. ಪಾಯನ್‌ಘಾಟಿನಿಂದ, ಅಂದರೆ ಆರ್ಕಾಟು-ತಂಜಾವೂರು ಸೀಮೆಯಿಂದ, ಹಿಡಿದೊಯ್ದ ಜನ ಮರಳಿ ಬರಲು ಬಯಸಿದರೆ ಹೆಂಡತಿ ಮಕ್ಕಳೊಂದಿಗೆ ಕಳುಹಿಸಬೇಕು ಎಂದೂ ಇದೆ. ಸಹಿ ಆದದ್ದು ಮಂಗಳೂರಿನಲ್ಲಿ. ಅದೇ ಮಂಗಳೂರಿನಲ್ಲಿ, ಅದೇ ಕೆನರಾ ಸೀಮೆಯ ಊರೂರುಗಳಲ್ಲಿ, ಸಹಿಗೆ ಸುಮಾರು ಎರಡು ವಾರ ಮೊದಲು, ವಿಭೂತಿ ಬುಧವಾರದ ಹೊತ್ತಿಗೆ, ಕ್ರೈಸ್ತ ಕುಟುಂಬಗಳನ್ನು ಒಟ್ಟಾಗಿ ಹಿಡಿದು ಘಟ್ಟ ಹತ್ತಿಸಲಾಗಿತ್ತು. ಬಿದನೂರಿನ ದಂಡಯಾತ್ರೆಯಲ್ಲಿ ಇಂಗ್ಲಿಷರಿಗೆ ದವಸ, ಹಣ, ಸುದ್ದಿ ಒದಗಿಸಿದರು ಎಂಬುದು ಅವರ ಮೇಲಿನ ಆರೋಪ. ಗದ್ದೆ, ತೋಟ ಜಪ್ತಿಯಾದವು, ಇಪ್ಪತ್ತೇಳು ಇಗರ್ಜಿಗಳು ನೆಲಸಮವಾದವು. ಘಟ್ಟದ ದಾರಿಯಲ್ಲೇ ಅನೇಕರು ಸತ್ತರು. ಉಳಿದವರಲ್ಲಿ ಹರೆಯದವರನ್ನು ಸುನ್ನತಿ ಮಾಡಿಸಿ ಸೈನ್ಯದ ತುಕಡಿಗಳಿಗೆ ಹಾಕಿದರು. ಇಂಗ್ಲಿಷರಿಗೆ ಸಹಾಯ ಮಾಡಿದರೆಂದು ಶಿಕ್ಷೆಗೊಳಗಾದವರ ಹೆಸರು ಇಂಗ್ಲಿಷರೇ ಬರೆಸಿದ ಕರಾರಿನಲ್ಲಿ ಇಲ್ಲ. ರಾಜರಿದ್ದಾರೆ, ಜಮೀನ್ದಾರರಿದ್ದಾರೆ, ಬೇಸಾಯಗಾರರಿಲ್ಲ. ಕ್ರೌರ್ಯದ ಪಟ್ಟಿ ಮಾಡುವಾಗ ಟಿಪ್ಪುವಿನ ಹೆಸರು ಬರೆಯುವ ಇತಿಹಾಸಕಾರರು ಈ ಮೌನದ ಎದುರು ಕಂಪನಿಯ ಮೂವರ ಹೆಸರನ್ನೂ ಬರೆಯಬೇಕಿತ್ತು: ಸ್ಯಾಡ್ಲಿಯರ್, ಸ್ಟಾಂಟನ್, ಹಡಲ್‌ಸ್ಟನ್.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದು ಹಗುರವಾದದ್ದಲ್ಲ. ಈ ಸೆರೆಗಳ ಕಥೆಯನ್ನು ಬರೆದವರು ಬಹುಪಾಲು ಗೆದ್ದವರು. 1799ರ ಗೆಲುವನ್ನು ಸಮರ್ಥಿಸಿಕೊಳ್ಳಲು ಟಿಪ್ಪುವನ್ನು ರಾಕ್ಷಸನನ್ನಾಗಿಸುವುದು ಅವರಿಗೆ ಅನುಕೂಲವಾಗಿತ್ತು; ವಿಲ್ಕ್ಸ್‌ನ ಇತಿಹಾಸ, ಕರ್ಕ್‌ಪ್ಯಾಟ್ರಿಕ್ 1811ರಲ್ಲಿ ಅನುವಾದಿಸಿ ಟೀಕೆ ಸೇರಿಸಿ ಪ್ರಕಟಿಸಿದ ಟಿಪ್ಪುವಿನ ಪತ್ರಗಳು, ಬಿಡುಗಡೆಯಾದ ಕೈದಿಗಳ ಆತ್ಮಕಥನಗಳು ಎಲ್ಲಕ್ಕೂ ಆ ಬಣ್ಣವಿದೆ. ಮೊಹಿಬ್ಬುಲ್ ಹಸನ್, ಶೇಖ್ ಅಲಿ ಅವರಂಥವರು ಇದನ್ನು ತೋರಿಸಿಕೊಟ್ಟದ್ದು ಸರಿಯಾದ ಕೆಲಸ. ಆದರೆ ಬಣ್ಣವನ್ನು ತೊಳೆದ ಮೇಲೂ ಸೆರೆ ಉಳಿಯುತ್ತದೆ. ಟಿಪ್ಪುವಿನ ಪಕ್ಷದ ಪಾರಸಿ ಬಖೈರುಗಳೇ ಕೆನರಾದ ಕ್ರೈಸ್ತರನ್ನೂ ಕೊಡಗರನ್ನೂ ಹಿಡಿದು ತಂದದ್ದನ್ನು ಸಾಧನೆಯೆಂಬಂತೆ ಹೇಳುತ್ತವೆ. ಜಗಳ ಇರುವುದು ಸಂಖ್ಯೆಯಲ್ಲಿ. ಕ್ರೈಸ್ತರು ಮೂವತ್ತು ಸಾವಿರ ಎಂದು ವಿಲ್ಕ್ಸ್, ಅರವತ್ತು ಸಾವಿರ ಎಂದು ಸುಲ್ತಾನನ ದರಬಾರಿನ ಬರಹ, ಇನ್ನೂ ಹೆಚ್ಚೆಂದು ಬುಕಾನನ್. ಕೊಡಗರ ವಿಷಯದಲ್ಲಿ ಅಂಕಿಗಳ ಅಂತರ ಇನ್ನೂ ವಿಪರೀತ. ದೊಡ್ಡ ಸಂಖ್ಯೆ ಹೇಳಿದರೆ ಸುಲ್ತಾನನ ಆಸ್ಥಾನಕ್ಕೆ ಪ್ರತಾಪ, ಕಂಪನಿಗೆ ನೆಪ, ಇಬ್ಬರಿಗೂ ಲಾಭ. ಆದ್ದರಿಂದ ಎಲ್ಲ ಅಂಕಿಗಳನ್ನೂ ಅನುಮಾನದಿಂದ ನೋಡುವುದೇ ಲೇಸು. ಅಂಕಿ ಅನುಮಾನದ್ದೆಂದು ಸೆರೆಯೇ ಸುಳ್ಳೆನ್ನುವುದು ಮಾತ್ರ ತರ್ಕವಾಗಲಾರದು.

ಇನ್ನೊಂದು ವಾದ ಇದಕ್ಕೆ ವಿರುದ್ಧ ದಿಕ್ಕಿನದು: ಇದೆಲ್ಲ ಧರ್ಮದ್ವೇಷ, ಬೇರೆ ಕಾರಣ ಹುಡುಕುವುದು ಬೇಡ ಎಂಬುದು. ಸೆರೆ ಬಿದ್ದವರ ಪಟ್ಟಿಯನ್ನು ನೋಡಿದರೆ ಆ ವಾದ ಪೂರ್ತಿ ನಿಲ್ಲುವುದಿಲ್ಲ. ನರಗುಂದದ ಬ್ರಾಹ್ಮಣ ಒಡೆಯ, ಕೆನರಾದ ಕ್ಯಾಥೊಲಿಕ ಬೇಸಾಯಗಾರ, ಕೊಡಗಿನ ಯೋಧ, ಇಂಗ್ಲಿಷ್ ಅಧಿಕಾರಿ, ಇವರನ್ನು ಒಂದು ಸರಪಳಿಗೆ ಕಟ್ಟಿದ್ದು ಬಂಡಾಯದ ಅಥವಾ ಶತ್ರುವಿನ ಸ್ನೇಹದ ಆರೋಪ. 1791ರಲ್ಲಿ ಪಟವರ್ಧನರ ದಂಡಿನವರು ಶೃಂಗೇರಿಯನ್ನು ಸೂರೆ ಮಾಡಿದಾಗ ಮಠಕ್ಕೆ ನೆರವು ಕಳುಹಿಸಿ ಪತ್ರ ಬರೆದವನೂ ಇದೇ ಟಿಪ್ಪು. ಆ ಪತ್ರಗಳನ್ನು 1916ರಲ್ಲಿ ಆರ್. ನರಸಿಂಹಾಚಾರ್ಯರು ಬೆಳಕಿಗೆ ತಂದರು. ಹಾಗೆಂದು ಧರ್ಮ ಏನೂ ಮಾಡಲಿಲ್ಲ ಎನ್ನುವುದೂ ಸುಳ್ಳು. ಶಿಕ್ಷೆಗೆ ಕಾರಣ ರಾಜಕೀಯವಾಗಿತ್ತು. ಶಿಕ್ಷೆಯ ರೂಪದಲ್ಲಿ ಸುನ್ನತಿ, ಹೆಸರು ಬದಲಿಸುವುದು, ಮತಾಂತರಿಸಿದ ಸೆರೆಯಾಳುಗಳ ಚೇಲಾ ದಳಕ್ಕೆ ಸೇರಿಸುವುದು ಇದ್ದವು. ಆ ರೂಪವೇ ಮುಂದೆ ಬಿಡುಗಡೆಗೆ ಅಡ್ಡ ಬಂತು. ಹೆಸರೂ ಧರ್ಮವೂ ಬದಲಾದವನು ಕೈದಿಗಳ ಪಟ್ಟಿಯಿಂದ ಹೊರಗಾಗಿ ಸುಲ್ತಾನನ ಚಾಕರಿಯವರ ಪಟ್ಟಿಗೆ ಸೇರಿದ. ಹುಡುಗನಾಗಿದ್ದಾಗಲೇ 1782ರಲ್ಲಿ ಫ್ರೆಂಚರ ಕೈಗೆ ಸಿಕ್ಕು ಹೈದರನಿಗೆ ಒಪ್ಪಿಸಲ್ಪಟ್ಟ ಜೇಮ್ಸ್ ಸ್ಕರಿ ಎಂಬ ಹಡಗಿನವನು ಇದಕ್ಕೆ ಸಾಕ್ಷಿ. ಅವನನ್ನು ಚೇಲಾ ಮಾಡಿದ್ದರಿಂದ 1784ರಲ್ಲಿ ಅವನ ಜೊತೆಯವರು ಮನೆಗೆ ಹೋದರೂ ಅವನು ಉಳಿದ. ಇಂಗ್ಲಿಷನಾಗಿದ್ದರೂ ಕರಾರು ಅವನನ್ನು ಮುಟ್ಟಲಿಲ್ಲ. ಸುಮಾರು ಹತ್ತು ವರ್ಷದ ಸೆರೆಯ ನಂತರ, ಮೂರನೆಯ ಮೈಸೂರು ಯುದ್ಧದ ಗೊಂದಲದಲ್ಲಿ ಚಿತ್ರದುರ್ಗದ ಕಡೆಯಿಂದ ಓಡಿ ತಪ್ಪಿಸಿಕೊಂಡ.

ಓಡಿ ತಪ್ಪಿಸಿಕೊಳ್ಳುವುದು ಕರಾರಿಗಿಂತ ಹಳೆಯ ದಾರಿ. ಕೊಡಗಿನವರು ಹಿಡಿದದ್ದು ಇದನ್ನೇ. ಅವರ ರಾಜಕುಮಾರ ದೊಡ್ಡ ವೀರರಾಜೇಂದ್ರ ಪಿರಿಯಾಪಟ್ಟಣದ ಸೆರೆಯಿಂದ 1788ರ ಕೊನೆಗೆ ತಪ್ಪಿಸಿಕೊಂಡು ಹೋಗಿ ನಾಡನ್ನು ಕಟ್ಟಿದ. 1792ರ ಫೆಬ್ರುವರಿಯಲ್ಲಿ ಕಂಪನಿಯ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ರಾತ್ರಿ ಹೊತ್ತು ಶ್ರೀರಂಗಪಟ್ಟಣದ ಹೊರಸಾಲಿನ ಮೇಲೆ ಬಿದ್ದಾಗ, ಆ ಕತ್ತಲೆಯ ಗಲಿಬಿಲಿಯಲ್ಲಿ ಸಾವಿರಾರು ಕೊಡಗರು ಹೆಂಡತಿ ಮಕ್ಕಳನ್ನು ಕರೆದುಕೊಂಡು ಹೊರಟುಬಿಟ್ಟರು. ಅವರನ್ನು ಯಾವ ಸೇನೆಯೂ ಬಿಡುಗಡೆ ಮಾಡಲಿಲ್ಲ, ಯಾವ ಕಾಗದವೂ ಹೆಸರಿಸಲಿಲ್ಲ. ಕಾವಲು ಸಡಿಲಾದ ಗಳಿಗೆಯನ್ನು ಗುರುತಿಸಿದರು, ಅಷ್ಟೇ. ಆದರೆ ಅವರಿಗೆ ಹೋಗಲು ಒಂದು ನಾಡಿತ್ತು, ಅದರ ಗದ್ದುಗೆಯ ಮೇಲೆ ತಮ್ಮವನೇ ಕೂತಿದ್ದ. ಕೆನರಾದ ಕ್ರೈಸ್ತರಿಗೆ ಅದೂ ಇರಲಿಲ್ಲ. ಅವರು ಬಿಟ್ಟುಬಂದ ಮಂಗಳೂರಿನಲ್ಲೂ ಸುಲ್ತಾನನದೇ ಆಳ್ವಿಕೆ.

ಅದೇ ಫೆಬ್ರುವರಿಯ ಕೊನೆಗೆ ಆದ ಶ್ರೀರಂಗಪಟ್ಟಣದ ಪ್ರಾಥಮಿಕ ಕರಾರು ನನ್ನ ವಾದಕ್ಕೆ ಗಟ್ಟಿಯಾದ ಪುರಾವೆ. ಅರ್ಧ ರಾಜ್ಯ, ಮೂರು ಕೋಟಿ ಮೂವತ್ತು ಲಕ್ಷ ರೂಪಾಯಿ, ಒತ್ತೆಯಾಗಿ ಎಳೆಯ ವಯಸ್ಸಿನ ಇಬ್ಬರು ಗಂಡುಮಕ್ಕಳು: ಇವು ಎಲ್ಲರಿಗೂ ನೆನಪಿರುವ ಷರತ್ತುಗಳು. ಹೈದರನ ಕಾಲದಿಂದ ಹಿಡಿದ ನಾಲ್ಕು ಸರ್ಕಾರಗಳ ಕೈದಿಗಳನ್ನೂ ಬಿಡಬೇಕು ಎಂಬುದು ಅಷ್ಟಾಗಿ ನೆನಪಿಲ್ಲದ ಷರತ್ತು. ‘ಹೈದರನ ಕಾಲದಿಂದ’ ಎಂಬ ಮಾತು 1784ರ ಕರಾರು ಪೂರ್ತಿ ನಡೆಯಲಿಲ್ಲ ಎಂಬುದರ ತಪ್ಪೊಪ್ಪಿಗೆ. ಪಾಯನ್‌ಘಾಟಿನ ಜನರ ಹೆಸರು ಎಂಟು ವರ್ಷದ ಹಿಂದೆಯೇ ಕಾಗದದಲ್ಲಿತ್ತು; ಎಣಿಸಿ ಒಯ್ಯುವವರು ಇರಲಿಲ್ಲ, ಆದ್ದರಿಂದ ಮತ್ತೊಮ್ಮೆ ಬರೆಯಬೇಕಾಯಿತು. ಹೆಸರೊಂದೇ ಸಾಲದು, ಬೆನ್ನು ಹತ್ತುವವರೂ ಬೇಕು ಎಂಬ ತಿದ್ದುಪಡಿಯನ್ನು ನನ್ನ ವಾದಕ್ಕೆ ನಾನೇ ಸೇರಿಸಿಕೊಳ್ಳಬೇಕು. ‘ನಾಲ್ಕು ಸರ್ಕಾರಗಳ’ ಎಂಬ ಮಾತು ಅದಕ್ಕಿಂತ ಮುಖ್ಯ. ಕಂಪನಿ, ಪೇಶ್ವೆ, ನಿಜಾಮ, ಅವರ ಎದುರು ಮೈಸೂರು: ಸೆರೆಯಾಳು ಈ ನಾಲ್ವರಲ್ಲಿ ಯಾರಾದರೊಬ್ಬರ ಕಡೆಯವನಾಗಿದ್ದು ಇನ್ನೊಬ್ಬರ ಕೈಯಲ್ಲಿದ್ದರೆ ಬಿಡುಗಡೆ. ಕೆನರಾದ ಕ್ರೈಸ್ತರು ಸೆರೆ ಹಾಕಿದವನ ಪ್ರಜೆಗಳೇ ಆಗಿದ್ದರು. ಕಾರ್ನ್‌ವಾಲಿಸ್ ಟಿಪ್ಪುವಿನ ರಾಜಧಾನಿಯ ಬಾಗಿಲಲ್ಲಿ ನಿಂತು, ಬೇಕಾದ್ದೆಲ್ಲ ಕೇಳುವ ಸ್ಥಿತಿಯಲ್ಲಿದ್ದು, ಇವರನ್ನು ಕೇಳಲಿಲ್ಲ. ಇದನ್ನು ಆ ಕಾಲದ ಸಂಕುಚಿತತೆ ಎಂದು ತಳ್ಳಿಹಾಕುವವರು ಈಚಿನ ಕಾನೂನನ್ನೂ ನೋಡಬೇಕು. ಎರಡನೆಯ ಮಹಾಯುದ್ಧದ ಬೂದಿಯಿಂದ ಎದ್ದ 1949ರ ನಾಲ್ಕನೆಯ ಜಿನೀವಾ ಒಪ್ಪಂದ ನಾಗರಿಕರಿಗೆ ಕೊಡುವ ರಕ್ಷಣೆಯ ಬಹುಭಾಗವೂ ಪರದೇಶದ ಕೈಗೆ ಸಿಕ್ಕವರಿಗೇ ಹೊರತು, ತನ್ನದೇ ಸರ್ಕಾರದ ಕೈಯಲ್ಲಿರುವ ಪ್ರಜೆಗಲ್ಲ.

ಕೌಲು ಮುರಿಯುವ ಚಾಳಿ ಮೈಸೂರಿನದು ಮಾತ್ರ ಆಗಿರಲಿಲ್ಲ ಎನ್ನುವುದಕ್ಕೂ ನಮ್ಮ ಸೀಮೆಯೇ ಸಾಕ್ಷಿ. ನರಗುಂದದ ಮೋಸಕ್ಕೆ ಹಲ್ಲು ಕಡಿದಿದ್ದ ಪರಶುರಾಮ ಭಾವು 1790ರ ಸೆಪ್ಟೆಂಬರಿನಿಂದ ಧಾರವಾಡಕ್ಕೆ ಮುತ್ತಿಗೆ ಹಾಕಿ ಕೂತ. ಏಳು ತಿಂಗಳ ಹತ್ತಿರ ಹತ್ತಿರ ತಡೆದು, 1791ರ ಏಪ್ರಿಲಿನಲ್ಲಿ ಕಿಲ್ಲೇದಾರ ಬದ್ರುಜ್ಜಮಾನ್ ಖಾನ್ ಕೌಲು ಪಡೆದು ಕೋಟೆ ಬಿಟ್ಟು ಹೊರಟ. ದಾರಿಯಲ್ಲಿ ಮರಾಠರ ದಂಡು ಅವನ ಮೇಲೆ ಬಿದ್ದು ಸೆರೆ ಹಿಡಿಯಿತು. ಮದ್ದು-ದವಸ ಹಾಳುಮಾಡಿ ಮೊದಲು ಮಾತು ತಪ್ಪಿದ್ದು ಅವನೇ ಎಂದು ಮರಾಠರು ಹೇಳಿದರು. ಬಿದನೂರಿನಲ್ಲಿ ಟಿಪ್ಪು ಹೇಳಿದ್ದೂ ಹೆಚ್ಚುಕಡಿಮೆ ಇದನ್ನೇ. ಬದ್ರುಜ್ಜಮಾನನ ಹಿಂದೆ ಒಂದು ಸರ್ಕಾರವಿತ್ತು. ಅವನು ಮೈಸೂರಿನ ಚಾಕರಿಗೆ ಮರಳಿದ.

1799ರ ಮೇ 4ರ ಮಧ್ಯಾಹ್ನ ಕಾವೇರಿ ದಾಟಿ ಶ್ರೀರಂಗಪಟ್ಟಣದ ಗೋಡೆ ಹತ್ತಿದ ಪಡೆಯ ಮುಂದಿದ್ದವನು ಡೇವಿಡ್ ಬೇರ್ಡ್, ಅದೇ ಊರಿನಲ್ಲಿ ಸರಪಳಿಯಲ್ಲಿದ್ದವನು. ಇಂಗ್ಲಿಷ್ ಚಿತ್ರಕಾರರಿಗೆ ಇದಕ್ಕಿಂತ ಒಳ್ಳೆಯ ವಸ್ತು ಬೇಕಿರಲಿಲ್ಲ. ಆದರೆ ಅಂದು ಕೋಟೆ ಬಿದ್ದದ್ದರಿಂದ ನಿಜವಾಗಿ ಬಿಡುಗಡೆಯಾದವರು ಬೇರ್ಡನ ಜನರಲ್ಲ, ಯಾವ ಕರಾರಿನಲ್ಲೂ ಇಲ್ಲದ ಕೆನರಾದವರು. ಹದಿನೈದು ವರ್ಷ ಅವರನ್ನು ಬಿಡಿಸಬೇಕೆಂದು ಯಾರೂ ಕೇಳಿರಲಿಲ್ಲ. ಅವರನ್ನು ಹಿಡಿದಿಟ್ಟ ರಾಜ್ಯವೇ ಕುಸಿದಾಗ ಅವರು ಹೊರಗೆ ಬಂದರು, ಅಷ್ಟೇ. ಬಿಡುಗಡೆ ಯುದ್ಧದ ಗುರಿಯಾಗಿರಲಿಲ್ಲ, ಗುರಿ ತಲುಪಿದ್ದರಿಂದ ಬಿದ್ದ ಉಪಫಲವಾಗಿತ್ತು. ಹೊರಟವರಲ್ಲಿ ಒಯ್ಯುವಾಗಿನ ಮಕ್ಕಳು ಗಡ್ಡ ಬಂದವರಾಗಿದ್ದರು. ಸೆರೆಯಲ್ಲೇ ಹುಟ್ಟಿ ಕರಾವಳಿಯ ಮಳೆಯನ್ನೇ ಕಾಣದವರಿದ್ದರು. ಕೆಲವರು ಹಿಂದಿರುಗದೆ ಮೈಸೂರು ಸೀಮೆಯಲ್ಲೇ ಉಳಿದರು. ಶ್ರೀರಂಗಪಟ್ಟಣದಲ್ಲಿ ಉಳಿದವರನ್ನು ಮತ್ತೆ ಒಂದು ಸಭೆಯಾಗಿ ಕೂಡಿಸಲು ಕರ್ನಲ್ ವೆಲ್ಲೆಸ್ಲಿ ಕರೆಸಿದ್ದು ಅಬೆ ದ್ಯುಬುವಾ ಎಂಬ ಫ್ರೆಂಚ್ ಪಾದ್ರಿಯನ್ನು. ಹಿಂದೂಗಳ ಆಚಾರ-ವಿಚಾರಗಳ ಬಗ್ಗೆ ಪುಸ್ತಕ ಬರೆದು ಹೆಸರಾದವನು ಅವನೇ.

ಊರಿಗೆ ಮರಳಿದವರನ್ನು ಎದುರುಗೊಂಡದ್ದು ಜಪ್ತಿಯಾಗಿ ಬೇರೆಯವರ ಹೆಸರಿಗೆ ಹೋಗಿದ್ದ ಗದ್ದೆ-ತೋಟಗಳು. ಅವನ್ನು ಉಳುತ್ತಿದ್ದವನು ಕಳ್ಳನೇನಲ್ಲ. ಅಂದಿನ ಸರ್ಕಾರಕ್ಕೆ ಕಂದಾಯ ಕಟ್ಟಿ, ಹದಿನೈದು ಮಳೆಗಾಲ ದುಡಿದವನು. ಕೆನರಾದ ಮೊದಲ ಕಲೆಕ್ಟರಾಗಿ 1799ರಲ್ಲೇ ಬಂದ ಥಾಮಸ್ ಮನ್ರೊ ಎದುರಿಗೆ ಈ ಇಬ್ಬರೂ ನಿಂತರು. ಕೆಲವರಿಗೆ ಭೂಮಿ ಮರಳಿತು, ಹಲವರು ತಮ್ಮದೇ ಹಳೆಯ ನೆಲದಲ್ಲಿ ಗೇಣಿದಾರರಾದರು ಇಲ್ಲವೆ ಬೇರೆ ಕಡೆ ಹೊಸದಾಗಿ ಶುರು ಮಾಡಿದರು. ಇಲ್ಲಿಯೂ ಕಾಗದವೇ ಮುಂದಾಯಿತು: ಹಳೆಯ ಪಟ್ಟೆ ತೋರಿಸಬಲ್ಲವರು ಎಷ್ಟು ಜನ?

ನರಗುಂದದ ಕಥೆ ಬೇರೆ ದಾರಿ ಹಿಡಿಯಿತು. ಕರಾರಿನಂತೆ ಸಂಸ್ಥಾನ ಭಾವೆಯವರಿಗೆ ಮರಳಿತು, ಆ ಮನೆತನ ಇನ್ನೂ ಏಳು ದಶಕ ಉಳಿಯಿತು. ದತ್ತಕಕ್ಕೆ ಕಂಪನಿ ಒಪ್ಪದಿದ್ದಾಗ ಕಡೆಯ ಒಡೆಯ ಬಾಬಾಸಾಹೇಬ ಭಾಸ್ಕರರಾವ 1858ರ ಮೇ ತಿಂಗಳಲ್ಲಿ ಸುರೇಬಾನದಲ್ಲಿ ಪೊಲಿಟಿಕಲ್ ಏಜೆಂಟ್ ಮ್ಯಾನ್ಸನ್‌ನ ತಲೆ ತೆಗೆಸಿದ. ಜೂನ್ ತಿಂಗಳಲ್ಲಿ ಬೆಳಗಾವಿಯಲ್ಲಿ ಅವನನ್ನು ಗಲ್ಲಿಗೇರಿಸಿದರು. ಈ ಬಾರಿ ಬಿಡಿಸಲು ಪುಣೆಯಲ್ಲಿ ಪೇಶ್ವೆ ಇರಲಿಲ್ಲ. ಬಾದಾಮಿಯ ಕೋಟೆಯನ್ನು 1818ರ ಫೆಬ್ರುವರಿಯಲ್ಲಿ ಪೇಶ್ವೆಯ ಕಾವಲಿನವರಿಂದ ಗೆದ್ದುಕೊಂಡದ್ದು ಕೆನರಾದಲ್ಲಿ ಕಲೆಕ್ಟರಾಗಿದ್ದ ಅದೇ ಮನ್ರೊ.

ಶ್ರೀರಂಗಪಟ್ಟಣಕ್ಕೆ ಹೋದವರಿಗೆ ಇಂದಿಗೂ ಕೋಟೆಯ ಗೋಡೆಗೆ ತಾಗಿ ನೆಲದೊಳಗೆ ಇಳಿಯುವ ಕಮಾನಿನ ಸೆರೆಮನೆ ತೋರಿಸುತ್ತಾರೆ. ಅದಕ್ಕೆ ಕರ್ನಲ್ ಬೇಲಿಯ ಹೆಸರು. ಅದೇ ದ್ವೀಪದಲ್ಲಿ 1816ರಲ್ಲಿ ಅವನ ಸೋದರನ ಮಗ ಕಟ್ಟಿಸಿದ ಸ್ಮಾರಕವೂ ಇದೆ. ಕಬ್ಬಾಳದುರ್ಗದ ಬುಡದಲ್ಲಿ ಕಬ್ಬಾಳಮ್ಮನ ಗುಡಿ ಇದೆ. ಹರಕೆ ಹೊತ್ತ ಜನ ವರ್ಷವಿಡೀ ಬರುತ್ತಾರೆ, ತಲೆಯೆತ್ತಿ ಗುಡ್ಡಕ್ಕೂ ಕೈ ಮುಗಿದು ಹೋಗುತ್ತಾರೆ.